ಬೆಳಕು ನಿಂತ ಸಂಜೆ

ಅತ್ಯಾರ,

ನಿಮ್ಮ ಸೊಸೆ ಗಂಗವ್ವ ಮಾಡುವ ನಮಸ್ಕಾರ. ನೀವಿರುವಲ್ಲಿ ಕಾಗದ ಓದಿ ಹೇಳುವವರು ಯಾರಾದರೂ ಇದ್ದಾರೆಯೇ? ಇಲ್ಲದಿದ್ದರೂ ಅಡ್ಡಿಯಿಲ್ಲ. ಎದುರಿಗೆ ಕೂತು ಮಾತಾಡಿದ ಹಾಗೇ ಬರೆಯುತ್ತೇನೆ, ಕೇಳಿಸಿಕೊಳ್ಳಿ. ನಾವೆಲ್ಲ ಆರಾಮಾಗಿದ್ದೇವೆ.

ಮದುವೆಯಾಗಿ ನಿಜಾಮನ ಸೀಮೆಗೆ, ಮೊಗಲಾಯಿಯ ನಿಮ್ಮೂರಿಗೆ ಬಂದ ಹೊಸದರಲ್ಲಿ, ರೊಟ್ಟಿ ಬಡಿಯುತ್ತಾ ನನ್ನ ತವರಿನ ಗುಡ್ಡದ ಸುದ್ದಿ ಹೇಳಿದ್ದೆ. ಮುಂಡರಗಿ ಕಡೆಯ ನಮ್ಮೂರಲ್ಲಿ ಮುಂಗಾರು ಹಿಡಿದ ಮೇಲೆ ಕೆಲವು ದಿನ, ದೀಪ ಹಚ್ಚುವ ಹೊತ್ತಿಗೆ, ಗುಡ್ಡದ ಕೊರಕಲಿನಿಂದ ಜೇನಿನ ಬಣ್ಣದ ಬೆಳಕೊಂದು ಏಳುತ್ತದೆ. ಬಣವೆಯಷ್ಟು ದೊಡ್ಡದು. ಗುಡ್ಡದ ನೆತ್ತಿಯುದ್ದಕ್ಕೂ ಉರುಳಿಕೊಂಡು ಹೋಗಿ ಆರಿಬಿಡುತ್ತದೆ. ಜೊತೆಗೇ ಒಂದು ಸದ್ದು, ತಾಮ್ರದ ಕೊಡದೊಳಗೆ ಜೇನುನೊಣ ತುಂಬಿದಂತೆ. ನಾವು ಅದಕ್ಕೆ ಮೊಳಗು ಅನ್ನುತ್ತೇವೆ. ಪೂಜೆಯಿಲ್ಲ, ಹರಕೆಯಿಲ್ಲ, ಅದು ಬಂದಾಗ ಊರೆಲ್ಲ ಕೆಲಸ ಬಿಟ್ಟು ನಿಲ್ಲುತ್ತದೆ, ಅಷ್ಟೇ. ನೀವು ಕಣ್ಣಲ್ಲಿ ನೀರು ಬರುವವರೆಗೂ ನಕ್ಕಿರಿ. “ಗುಡ್ಡಾ ಎಲ್ಲ್ಯರ ಹಾಡತೈತೇನವ್ವಾ? ನಿಮ್ಮೂರ ಮಂದಿಗೆ ಹಗಲೊತ್ತಿನ್ಯಾಗ ಕನಸ ಬೀಳತಾವೇನ?” ನಾನು ಹಂಚಿನ ಮೇಲಿನ ರೊಟ್ಟಿ ತಿರುವಿ ಹಾಕಿದೆ. ತೋರಿಸಲಾಗದ್ದನ್ನು ಎಷ್ಟು ಸಲ ಹೇಳುವುದು?

ಆ ಮಧ್ಯಾಹ್ನ ನೆನಪಿದೆಯೇ ಅತ್ಯಾರ? ಇತ್ತ ತವರಿನ ಕಡೆ ಸ್ವಾತಂತ್ರ್ಯ ಬಂದಿತ್ತು, ಅತ್ತ ಮೊಗಲಾಯಿಯ ನಮಗೆ ಬಂದಿರಲಿಲ್ಲ. ನಿಜಾಮನ ಕಡೆಯವರು ಪಕ್ಕದೂರಿಗೆ ಬೆಂಕಿ ಇಟ್ಟರೆಂದು ಖಬರು ಬಂದಾಗ ಜನ ಸಿಕ್ಕ ದಾರಿ ಹಿಡಿದು ಓಡಿದರು. ನನಗೆ ದಿನ ತುಂಬುತ್ತಾ ಬಂದಿತ್ತು. ನಿಮ್ಮ ಮಗ ಕೊಟ್ಟಿಗೆಯ ಬಾಗಿಲಲ್ಲೇ ನಿಂತರು. “ಎತ್ತು ಬಿಟ್ಟು ನಾ ಬರೂದಿಲ್ಲ. ಅವ್ವಾ, ಇಕಿನ್ನ ಕರ್ಕೊಂಡು ಆಕಿ ತವರಿಗೆ ನಡಿ.” ನೀವು ಅವರನ್ನು ಬೈದಿರಿ, ಅತ್ತಿರಿ, ಆಮೇಲೆ ನನ್ನ ಕೈ ಹಿಡಿದು ಹೊರಟಿರಿ. ಒಮ್ಮೆಯೂ ತಿರುಗಿ ನೋಡಲಿಲ್ಲ. ನೋಡಿದ್ದರೆ ನೀವು ಬರುತ್ತಿರಲಿಲ್ಲ, ನನಗೆ ಗೊತ್ತು.

ಎರೆಹೊಲದ ನಡುವೆ ಮಳೆ ಹಿಡಿಯಿತು. ಒಂದೊಂದು ಕಾಲಿಗೂ ಸೇರುಗಟ್ಟಲೆ ಕೆಸರು. ಮೋಡ ಇಳಿದು ಗುಡ್ಡ ಮರೆಯಾಯಿತು. ಯಾವ ಕಡೆ ಮುಂಡರಗಿ, ಯಾವ ಕಡೆ ಬಂದ ದಾರಿ, ಒಂದೂ ತಿಳಿಯಲಿಲ್ಲ. ಬದುವಿನ ಮೇಲೆ ನೀವು ಕೂತೇಬಿಟ್ಟಿರಿ. “ನನ್ನ ಕೈಲಾಗೂದಿಲ್ಲ. ನೀ ಹೋಗು. ಹೊಟ್ಟ್ಯಾಗಿನ ಕೂಸರ ಉಳೀಲಿ.” ನಾನು ಎಲ್ಲಿಗೆ ಹೋಗಲಿ, ನಿಮ್ಮನ್ನು ಆ ಕೆಸರಿನಲ್ಲಿ ಬಿಟ್ಟು...

ಆಗಲೇ ಅಲ್ಲವೇ ಅಂಗಾಲಿನಲ್ಲಿ ಸದ್ದು ಬಂದದ್ದು? ಮೊದಲು ನೆಲ ನಡುಗಿದಂತೆ, ಆಮೇಲೆ ಎದೆಯೊಳಗೆ ಗುಂಯ್ ಎಂದು. ಮೋಡದ ಹಿಂದೆ ಜೇನಿನ ಬಣ್ಣ ಹರಡಿತು. ನೀವು ನನ್ನ ಸೆರಗು ಹಿಡಿದುಕೊಂಡಿರಿ.

“ಏನವ್ವಾ ಅದು? ದೆವ್ವ ಇದ್ದೀತು!”

“ದೆವ್ವಾದ್ರೂ ನಮ್ಮೂರ ದೆವ್ವರೀ ಅತ್ಯಾರ, ಗುರುತಿಂದೈತಿ. ಏಳ್ರಿ.”

ಎದ್ದಿರಿ. ಎಂದೂ ನಿಲ್ಲದ ಬೆಳಕು ಆವತ್ತು ನಮ್ಮೂರಿನ ನೇರಕ್ಕೆ ಬಂದು ನಿಂತುಬಿಟ್ಟಿತು. ಅದನ್ನೇ ನೋಡುತ್ತಾ ನಡೆದೆವು. ಕಣ್ಣಿಗೆ ಮಳೆ ಹೊಡೆದಾಗ ಸದ್ದು ಹಿಡಿದು ನಡೆದೆವು. ನಾವು ಹಳ್ಳ ದಾಟಿ, ನಮ್ಮಪ್ಪ ಕಂದೀಲು ಹಿಡಿದು ಓಡಿಬಂದ ಮೇಲೇ ಅದು ಆರಿತು. ಯಾಕೆ ನಿಂತಿತೆಂದು ಊರಿನ ಹಿರಿಯರಿಗೂ ಇಂದಿಗೂ ತಿಳಿದಿಲ್ಲ. ನಾನೂ ಕೇಳುವುದನ್ನು ಬಿಟ್ಟಿದ್ದೇನೆ.

ನನ್ನ ತವರಿನಲ್ಲಿ ನಿಮ್ಮ ಮೊಮ್ಮಗಳು ಹುಟ್ಟಿದಳು, ಆದರೂ ನೀವು ನಗುತ್ತಿರಲಿಲ್ಲ. ಕೂಸಿಗೆ ಎಣ್ಣೆ ಹಚ್ಚಿ ಎರೆದು, ಸಂಜೆಯಾದರೆ ಮಾಳಿಗೆ ಹತ್ತಿ ಮೂಡಣಕ್ಕೆ, ನಿಮ್ಮೂರಿನ ಕಡೆ, ಮುಖ ಮಾಡಿ ಕೂರುತ್ತಿದ್ದಿರಿ. ತೆನೆ ಹಾಲುಗಟ್ಟುವ ಹೊತ್ತಿಗೆ ನಿಮ್ಮ ಮಗ ಬಂದರು, ಗಡ್ಡ ಬಿಟ್ಟುಕೊಂಡು, ಎತ್ತು ಎರಡನ್ನೂ ಹೊಡೆದುಕೊಂಡು. ನೀವು ಮೊದಲು ಎತ್ತಿನ ಮೈದಡವಿ, ಆಮೇಲೆ ಅವರ ಕೆನ್ನೆಗೊಂದು ಕೊಟ್ಟಿರಿ. ಆ ಏಟು ನೆನೆಸಿಕೊಂಡು ಅವರು ಈಗಲೂ ನಗುತ್ತಾರೆ.

ಮರುವರ್ಷ ಮೊಳಗಿಗೆ ನಿಮ್ಮಷ್ಟು ಹಂಬಲಿಸಿದವರು ಊರಲ್ಲೇ ಇರಲಿಲ್ಲ. ಎಲ್ಲರಿಗಿಂತ ಮೊದಲು ನಿಚ್ಚಣಿಕೆ ಏರಿ, “ಬಾಯಿ ಮುಚ್ಚರೆವ್ವಾ, ಕೇಳಸವಲ್ದು” ಎಂದು ನಮ್ಮೂರ ಹೆಂಗಸರನ್ನೇ ಗದರಿಸಿದಿರಿ! ಬೆಳಕು ನಿಲ್ಲದೆ ಹೋದಾಗ “ಹೋಗಿ ಬಾರವ್ವಾ” ಎಂದು ಕೈ ಬೀಸಿದಿರಿ. ಆ ಚಳಿಗಾಲದ ಜ್ವರದಲ್ಲಿ ನೀವೂ ಹೊರಟುಬಿಟ್ಟಿರಿ. ನಿಮಗೂ ಯಾರಾದರೂ ಹಾಗೆ ಕೈ ಬೀಸಬೇಕಿತ್ತೇನೋ. ನಮಗೆ ಅಳುವುದೊಂದೇ ಗೊತ್ತಿತ್ತು.

ರಾಜ್ಯ ಒಂದಾದ ದಿನ ಊರಲ್ಲಿ ಹಲಗೆ ಬಾರಿಸಿದರು. ಅಷ್ಟು ವರ್ಷ ಬಿಟ್ಟುಬಂದ ಊರಿನ ಹೆಸರೆತ್ತದ ನಿಮ್ಮ ಮಗ ಗಾಡಿ ಹೂಡಿದರು. “ನಡಿ, ಮನಿ ಏನಾಗೈತೋ ನೋಡ್ಕೊಂಡ ಬರೂಣು.” ಬರೀ ಗೋಡೆ ಉಳಿದಿದ್ದರೂ ಸಾಕೆಂದುಕೊಂಡು ಹೋದೆ. ಅಂಗಳ ಸಾರಿಸಿತ್ತು ಅತ್ಯಾರ! ಪಕ್ಕದ ಮನೆಯ ಹುಸೇನಬಿ, ನೀವು ದಿನವೂ ಜಗಳಾಡುತ್ತಿದ್ದ ಅದೇ ಹುಸೇನಬಿ, ಪೊರಕೆ ಹಿಡಿದೇ ಹೊರಗೆ ಬಂದಳು. ಪ್ರತಿ ಮಳೆಗಾಲಕ್ಕೆ ಮುಂಚೆ ತಾನೇ ನಿಂತು ನಮ್ಮ ಮಾಳಿಗೆಗೆ ಮಣ್ಣು ಹಾಕಿಸಿದ್ದಾಳೆ.

“ಮನಿ ಸೋರಿದ್ರ ನೀಲವ್ವಕ್ಕ ಬಂದು ನನ್ನ ಬೈತಾಳಂತ ಹೆದರಿಕಿ ನನಗ. ಎಲ್ಲಿ ಆಕಿ? ಗಾಡ್ಯಾಗ ಕುಂತಾಳೇನ?”

ನೀವು ಹೊರಟುಹೋದ ಸುದ್ದಿ ಹೇಳಿದೆ. ಅವಳು ಪೊರಕೆ ಕೆಳಗಿಟ್ಟು ಹೊಸ್ತಿಲ ಮೇಲೆ ಕೂತಳು. “ಇನ್ನ ನನ್ನ ಬೈಯೋರ್ಯಾರವ್ವಾ?” ಎಂದು ಅತ್ತಳು. ಆಮೇಲೆ ಎದ್ದು ಚಹಾ ಮಾಡಿದಳು.

ಯುಗಾದಿ ಮುಗಿಸಿಕೊಂಡು ನಾವು ಅಲ್ಲಿಗೇ ಹೋಗಿ ಇರುತ್ತೇವೆ. ಮೊಳಗಿನ ದಿನಗಳಲ್ಲಿ ಗಾಡಿ ಕಟ್ಟಿಕೊಂಡು ತವರಿಗೆ ಬರುವುದು ಇದ್ದೇ ಇದೆ. ಮೊನ್ನೆ ಅಕಾಲದ ಅಡ್ಡಮಳೆ ಜೋರಾಗಿ ಹೊಡೆದಾಗ ನಿಮ್ಮ ಮಗ ಅಲ್ಲಿಗೆ ಹೋಗಿ ನೋಡಿಕೊಂಡು ಬಂದರು. ಮನೆ ಒಂದು ಹನಿಯೂ ಸೋರಿಲ್ಲ, ಅತ್ಯಾರ.

ನಿಮ್ಮ
ಗಂಗವ್ವ