ಸಂತೆಮಾಳದ ಪರದೆ ಮುಂದೆ ಅಮ್ಮಿ

ಅಬ್ಬಾ,

ಈ ಕಾಗದ ನಿಮಗೆ ತಲುಪೋದಿಲ್ಲ ಅಂತ ಗೊತ್ತು. ಆದರೂ ನಿನ್ನೆ ಸಂಜೆ ನಡೆದದ್ದನ್ನ ನಿಮಗಲ್ಲದೆ ಇನ್ಯಾರಿಗೆ ಹೇಳಲಿ?

ಸಂತೆಬಾಚಹಳ್ಳಿಯ ಸಂತೆಮಾಳದಲ್ಲಿ, ನೀವು ಮಿಷನ್ನು ಓಡಿಸುತ್ತಿದ್ದ ಬಯಲು ಟಾಕೀಸಿನ ಜಾಗದಲ್ಲೇ, ಊರಿನವರು ಪರದೆ ಕಟ್ಟಿ ಹಳೇ ಸಿನಿಮಾ ಹಾಕಿದ್ದರು. ನೀವು ಎಷ್ಟು ಕರೆದರೂ ಬಾರದ ಅಮ್ಮಿ, ಈ ಸಲ ತಾವೇ ಚಾಪೆ ಸುತ್ತಿಕೊಂಡು ನನ್ನ ಜೊತೆ ಹೊರಟರು.

ನಾಯಕ ಊರು ಬಿಟ್ಟು ಹೋಗುವ ಹೊತ್ತಿಗೆ ಸೌಂಡು ನಿಂತುಹೋಯಿತು. ಪಕ್ಕದಲ್ಲಿ ಕೂತಿದ್ದ ಬೆಟ್ಟಮ್ಮಜ್ಜಿ ಅವನ ಮಾತನ್ನ ತಾನೇ ಶುರು ಮಾಡಿದಳು: "ಅಳ್ಬ್ಯಾಡ ಕಣೇ. ನಾನೆಲ್ಲೇ ಇದ್ರೂ ನಿನ್ನ ಬುಟ್ಟು ಒಂದ್ ತುತ್ತೂ ಗಂಟಲಲ್ಲಿ ಇಳ್ಯಾಕಿಲ್ಲ." ಹಿಂದೆ ಕೂತಿದ್ದ ಮುದುಕರೆಲ್ಲ ದನಿಗೂಡಿಸಿದರು.

"ಸಿನಿಮಾದಲ್ಲಿ ಹೀಗೇ ಇದೆಯಾ?" ಅಂದರು ಅಮ್ಮಿ.

"ಇಲ್ಲ ಕಣ್ ಖತೀಜಮ್ಮ. ಸೌಂಡು ಕೆಟ್ಟಾಗೆಲ್ಲ ನಿಮ್ಮ ಯಜಮಾನ್ರು ಮೈಕ್ ಇಡ್ಕಂಡು ತಾವೇ ಮಾತು ಕಟ್ಟಿ ಏಳೋರು. ಸಿನಿಮಾದ್ದು ಯಾರ್ಗೆ ನೆಪ್ಪೈತೆ? ನಮ್ಗೆ ಅವರ್ದೇ ನೆಪ್ಪು," ಅಂದಳು ಅಜ್ಜಿ.

ಅಷ್ಟರಲ್ಲಿ ಸೌಂಡು ಬಂತು. ಪರದೆಯ ನಾಯಕ ಬೇರೇನೋ ಹೇಳಿದ. ಯಾರಿಗೂ ಹಿಡಿಸಲಿಲ್ಲ.

ಮನೆ ಬೀಗ ತೆಗೆಯುವಾಗ ಅಮ್ಮಿ ಮೆಲ್ಲಗೆ ಅಂದರು: "ನಿನ್ನ ಅಬ್ಬಾ ಮನೇಲಿ ಊಟ ಹಾಕು ಅನ್ನೋದು ಬಿಟ್ಟು ಬೇರೆ ಮಾತೇ ಆಡ್ತಿರಲಿಲ್ಲ, ಬೇಟಿ. ಅಲ್ಲಿ ಇಂಥಾದ್ದೆಲ್ಲ ಹೇಳ್ತಿದ್ರು ಅಂತ ಗೊತ್ತಿದ್ದಿದ್ರೆ..."

ಊಟಕ್ಕೆ ಕೂತಾಗ, ಬೆಟ್ಟಮ್ಮ ಹೇಳಿದ ಆ ಮಾತು ಏನು ಅಂತ ಕೇಳಿದರು. ಹೇಳಿದೆ.

"ಇನ್ನೊಂದು ಸಲ ಹೇಳು," ಅಂದರು. "ನಿಧಾನಕ್ಕೆ."

ನಿಮ್ಮ ಮಹ್ವಿಶ್