ಡಬ್ಬಿಯೊಳಗಿನ ಹೊಲ

ಜೂನ್ 3, ಸೋಮವಾರ

ಅತ್ತೆಗೆ ಬೆಳಗಿನ ಗುಳಿಗೆ ಕೊಟ್ಟೆ. ಚಹಾ ಕೊಟ್ಟೆ. ವಾಕರ್ ಹಾಸಿಗೆಯ ಪಕ್ಕಕ್ಕೆ ತಂದಿಟ್ಟೆ. ಮುಖ ಗೋಡೆಯ ಕಡೆ ತಿರುಗಿಸಿಕೊಂಡರು. ದಿನಾ ಇದೇ. ಮುರಿದ ಸೊಂಟದ ಮೂಳೆ ಕೂಡಿದೆ, ಇನ್ನು ನಡೆದರೇನೇ ಕಾಲು ಬರುವುದು, ಮಲಗಿಯೇ ಇದ್ದರೆ ಹಾಸಿಗೆಯೇ ಗತಿಯಾಗಿಬಿಡುತ್ತದೆ — ಡಾಕ್ಟರ್ ನಮ್ಮಿಬ್ಬರ ಎದುರಿಗೇ ಹೇಳಿದ್ದು. ಅತ್ತೆ ಕೇಳಿಸಿಕೊಂಡರೋ ಇಲ್ಲವೋ ಗೊತ್ತಿಲ್ಲ.

ನಿನ್ನೆ ಇವರು ಲಾರಿಯನ್ನು ಹುಮನಾಬಾದಿನಲ್ಲಿ ನಿಲ್ಲಿಸಿ ಮನೆಗೆ ಬಂದು ಹೋದರು. ಬರುವಾಗ ಒಂದು ಗೇಮ್ ಡಬ್ಬಿ ತಂದಿದ್ದರು. ಎರಡು ಕೈಯಲ್ಲಿ ಹಿಡಿಯುವಂಥದ್ದು, ನಡುವೆ ಸ್ಕ್ರೀನ್, ಅಕ್ಕಪಕ್ಕ ಬಟನ್. ಹುಮನಾಬಾದಿನ ಮುಜಾಫರ್ ಅಂತ ಇವರ ದೋಸ್ತ್, ಮೊಬೈಲ್ ರಿಪೇರಿ ಅಂಗಡಿ. ಅಲ್ಲಿಂದ ತಂದ ಸೆಕೆಂಡ್ ಹ್ಯಾಂಡ್ ಮಾಲು.

"ಯಾರಿಗ್ರಿ ಇದು?"

"ಅವ್ವಗ."

"ಅವರು ಮೊಬೈಲ್ ಸುದ್ದಾ ಮುಟ್ಟಂಗಿಲ್ಲ!"

"ಗೋಡಿ ನೋಡ್ಕೋತ ಮಲಗ್ಯಾಳ. ಕೈಯರ ಆಡಲಿ."

ಅಷ್ಟೇ. ಮತ್ತೆ ಲಾರಿ ಹತ್ತಿದರು, ಮುಂಬೈಗೆ. ಅರವತ್ತು ದಾಟಿದವರಿಗೆ, ಅಕ್ಷರ ಬಾರದವರಿಗೆ, ಗೇಮ್ ಡಬ್ಬಿ. ನನ್ನ ಗಂಡ ಈ ಮಚ್ಚೇಂದ್ರನ ತಲೆಯಲ್ಲಿ ಏನು ಓಡುತ್ತದೋ!

ಜೂನ್ 5, ಬುಧವಾರ

ಡಬ್ಬಿ ಆನ್ ಆಗುತ್ತದೆ. ಒಳಗೆ ಏನೂ ಇಲ್ಲ. ಬರೀ ಇಂಗ್ಲಿಷಿನ ಒಂದು ಪಟ್ಟಿ, ಮೇಲೆ ಕೆಳಗೆ ಹೋಗುತ್ತದೆ. ಮುಜಾಫರ್ ಭಾಯಿಗೆ ಫೋನ್ ಮಾಡಿದೆ.

"ಅದು ಕಂಪನಿದ್ದಂಗ ಇಲ್ಲ ಬೆಹನ್. ಒಳಗಿನ ಸಾಫ್ಟ್‌ವೇರ್ ಬದಲ್ ಮಾಡ್ಯಾರ. ಮಂದಿ ಮನ್ಯಾಗ ಕುಂತು ತಯಾರ್ ಮಾಡಿದ ಗೇಮ್ ಇರ್ತಾವ, ಹೋಮ್‌ಬ್ರೂ ಅಂತಾರ. ಪುಕ್ಕಟೆ ಸಿಗ್ತಾವ. ನೆಟ್‌ನ್ಯಾಗಿಂದ ಇಳಿಸ್ಕೊಂಡು ಕಾರ್ಡಿಗಿ ಹಾಕ್ರಿ, ಬಸ್."

ಬಸ್ ಅಂತೆ! ನಾನು ಕೆಲಸ ಮಾಡುವುದು ಆನ್‌ಲೈನ್ ಸೆಂಟರಿನಲ್ಲಿ, ಊರವರ ಅರ್ಜಿ ತುಂಬುವುದೇ ನನ್ನ ಕೆಲಸ, ಕಂಪ್ಯೂಟರ್ ಗೊತ್ತು ಅಂದುಕೊಂಡಿದ್ದೆ. ಮಧ್ಯಾಹ್ನ ಗಿರಾಕಿ ಇಲ್ಲದಾಗ ಮೆಮೊರಿ ಕಾರ್ಡ್ ತೆಗೆದು ಅಲ್ಲೇ ಕಾಪಿ ಮಾಡಿದೆ. ಮನೆಗೆ ಬಂದು ಹಾಕಿದರೆ ಏನೂ ಕಾಣುವುದಿಲ್ಲ. ಜಿಪ್ ಬಿಚ್ಚಬೇಕಂತೆ. ಬಿಚ್ಚಿದೆ. ಫೋಲ್ಡರ್ ಒಳಗೆ ಅದೇ ಹೆಸರಿನ ಇನ್ನೊಂದು ಫೋಲ್ಡರ್. ಯಾವುದನ್ನು ಹಾಕುವುದು, ಒಳಗಿನದೋ ಹೊರಗಿನದೋ? ಎರಡನ್ನೂ ಹಾಕಿದೆ. ಸ್ಕ್ರೀನ್ ಕಪ್ಪಾಗಿ ನಿಂತಿತು. ಕೆಟ್ಟೇ ಹೋಯಿತು ಅಂದುಕೊಂಡೆ... ಬಟನ್ ಒತ್ತಿಹಿಡಿದು ಆಫ್ ಮಾಡಿದ ಮೇಲೆ ಮತ್ತೆ ಬಂತು. ಯಾಕೆ ಹೋಯಿತು, ಯಾಕೆ ಬಂತು, ಎರಡೂ ತಿಳಿಯಲಿಲ್ಲ.

ಜೂನ್ 9, ಭಾನುವಾರ

ಒಳಗಿನ ಫೋಲ್ಡರ್. ಒಳಗಿನದನ್ನೇ ಹಾಕಬೇಕಿತ್ತು.

ನಾಲ್ಕು ಗೇಮ್ ಹತ್ತಿದವು. ಕಾರ್ ಓಡಿಸುವುದು ತೋರಿಸಿದೆ, ಅತ್ತೆ ಕಣ್ಣು ಮುಚ್ಚಿಕೊಂಡರು. ಬಂದೂಕಿನ ಗೇಮಿಗೆ "ಥೂ" ಅಂದರು. ಚೌಕ ಜೋಡಿಸುವುದನ್ನು ಸ್ವಲ್ಪ ಹೊತ್ತು ನೋಡಿದರು. ಕೊನೆಯದು ಹೊಲದ್ದು. ಯಾವ ದೇಶದವರು ಮಾಡಿದ್ದೋ ಏನೋ. ಖಾಲಿ ನೆಲ, ಟೋಪಿ ಹಾಕಿದ ಒಬ್ಬ ಆಳು, ಒಂದು ಬಾವಿ. ನೆಲ ಅಗೆಯಬೇಕು, ಬೀಜ ಹಾಕಬೇಕು, ನೀರು ಹಾಕಬೇಕು. ಅಷ್ಟೇ.

ನಾನು ಬೀಜ ಹಾಕುತ್ತಿದ್ದೆ. ಹಾಸಿಗೆಯಿಂದ ದನಿ ಬಂತು.

"ಇಷ್ಟ್ ಒತ್ತೊತ್ತಿ ಹಾಕ್ತಾರೇನು ಬೀಜ? ಕೊಡ ಇಲ್ಲಿ."

ಮದುವೆಯಾಗಿ ಈ ಮನೆಗೆ ಬಂದಾಗಿನಿಂದ ಅತ್ತೆ ತಾವಾಗಿ ನನ್ನೊಂದಿಗೆ ಮಾತಾಡಿದ್ದೇ ಕಡಿಮೆ. ನಾನು ಏನು ತಪ್ಪು ಮಾಡಿದೆನೋ ಅಂತ ಇವರನ್ನು ಎಷ್ಟೋ ಸಲ ಕೇಳಿದ್ದೇನೆ. ಅವ್ವನ ಸ್ವಭಾವವೇ ಹಾಗೆ ಅನ್ನುತ್ತಾರೆ. ಇವತ್ತು ಬೈದರು. ಬೈಸಿಕೊಂಡು ಖುಷಿಯಾಯಿತು, ಇದೆಂಥ ಖುಷಿ?

ಜೂನ್ 14, ಶುಕ್ರವಾರ

ಅತ್ತೆಗೆ ಈಗ ಬಟನ್ ಎಲ್ಲ ಗೊತ್ತು. ದಿಂಬಿಗೆ ಒರಗಿ ಕೂರುತ್ತಾರೆ. ನಾನು ಸೆಂಟರಿಗೆ ಹೋದಾಗ ನೋಡಿಕೊಳ್ಳುವ ಪಕ್ಕದ ಮನೆಯ ಯಶೋದಾಬಾಯಿ ಹೇಳಿದರು — "ನಿಮ್ಮತ್ತಿ ಊಟಕ್ಕ ಕರದರ, ತಡಿ ನೀರ ಬಿಟ್ಟೀನಿ ಅಂತಾಳವ್ವ!"

ಸಂಜೆ ಬಂದು ನೋಡಿದರೆ ಗೇಮ್ ನಿಂತುಹೋಗಿತ್ತು. ಆಳು ಗಿಡದ ಕೆಳಗೆ ನಿಂತಿದ್ದಾನೆ, ಅಲ್ಲಾಡುತ್ತಿಲ್ಲ. ಹ್ಯಾಂಗ್ ಆಯಿತೇನೋ ಅಂತ ಆಫ್ ಮಾಡಲು ಹೋದೆ. ಅತ್ತೆ ನನ್ನ ಕೈ ಸರಿಸಿದರು.

"ಬಿಸಲು ನೆತ್ತಿಗಿ ಬಂದಾದ, ಕಾಣಂಗಿಲ್ಲೇನು? ನಿಂದರಲಿ ನೆಳ್ಳಾಗ."

"ಅತ್ತಿ, ಅಂವ ಗೇಮಿನ್ಯಾಗಿನ ಆಳರಿ. ಅಂವಗ ಬಿಸಲ ಹತ್ತಂಗಿಲ್ಲ."

"ನಿನಗೇನ ಗೊತ್ತ? ಮಂಠಾಳದಾಗ ಹೊಲದ ಧಣಿ ಬದುವಿನ ಮ್ಯಾಲ ಛತ್ರಿ ಹಿಡ್ಕೊಂಡು ನಿಂದರ್ತಿದ್ದ. ನಾವು ಒಂದ ಗಳಿಗಿ ಸೊಂಟ ನೆಟ್ಟಗ ಮಾಡಿದ್ರ, ಏ ಸುಮನಿ ಅಂತ ನನ್ನ ಹೆಸರ ಹಿಡದು ಒದರತಿದ್ದ. ನನ್ನ ಹೊಲದಾಗ ಹಂಗ ನಡಿಯಂಗಿಲ್ಲ."

ನನ್ನ ಹೊಲ ಅಂದರು. ನಾನು ಹುಡಗಿ ಅನ್ನುವ ಊರಿನ ಕೂಲಿ ಮನೆಯಲ್ಲಿ ಹುಟ್ಟಿದವಳು. ನಮ್ಮ ಎರಡೂ ಕಡೆ ಯಾರ ಹೆಸರಲ್ಲೂ ಒಂದು ಗುಂಟೆ ಇಲ್ಲ. ಈಗ ಮಿರಗದ ಮಳೆ ಬಿದ್ದು ಊರ ಹೆಂಗಸರೆಲ್ಲ ಬಿತ್ತನೆಗೆ ಹೋಗಿದ್ದಾರೆ. ಅತ್ತೆ ಹೋಗದೆ ಇರುವುದು ಇದೇ ಮೊದಲ ವರ್ಷವಂತೆ. ಗೋಡೆ ನೋಡಿಕೊಂಡು ಮಲಗಿದ್ದು ನೋವಿಗೋ, ಅದಕ್ಕೋ? ಕೇಳುವ ಧೈರ್ಯ ಬರಲಿಲ್ಲ.

ಜೂನ್ 18, ಮಂಗಳವಾರ

ಇವತ್ತು ವಾಕರ್ ಹಿಡಿದು ಬಾಗಿಲವರೆಗೆ ಬಂದರು! ಬೆಳೆ ಬೆಳೆಯಲು ಹೊತ್ತು ಬೇಕು, ಅಲ್ಲಿತನಕ ಕೂತು ಏನು ಮಾಡುವುದು ಅಂದರು. ಇವರಿಗೆ ಫೋನಿನಲ್ಲಿ ಹೇಳಿದೆ. ಲಾರಿಯ ಸದ್ದಿನಲ್ಲಿ ನಕ್ಕರೋ ಅತ್ತರೋ ತಿಳಿಯಲಿಲ್ಲ.

ಜೂನ್ 22, ಶನಿವಾರ

ಬರೆಯಲು ಕೈ ಬರುತ್ತಿಲ್ಲ.

ಒಳ್ಳೆಯದನ್ನೇ ಮಾಡಲು ಹೋಗಿದ್ದೆ. ಗೇಮಿನಲ್ಲಿ ಇಂಗ್ಲಿಷ್ ಬಂದಾಗಲೆಲ್ಲ ಅತ್ತೆ ಕರೆಯುತ್ತಿದ್ದರು, "ಇದೇನ ಬರದಾದ ನೋಡು." ನಾನಿಲ್ಲದಾಗ ಕಷ್ಟ. ಹೊಸ ವರ್ಷನ್ ಬಂದಿದೆ, ಅದರಲ್ಲಿ ಅಕ್ಷರಗಳ ಫೈಲ್ ಬದಲಾಯಿಸಬಹುದು ಅಂತ ನೆಟ್‌ನಲ್ಲಿ ಓದಿದೆ. ಸೆಂಟರಿನಲ್ಲಿ ಕೂತು ನೀರು, ಬೀಜ, ಕುಂಬಳ, ಎಲ್ಲ ಕನ್ನಡದಲ್ಲಿ ಟೈಪ್ ಮಾಡಿದೆ. ಡಬ್ಬಿಯಲ್ಲಿ ಹಾಕಿ ನೋಡಿದರೆ ಅಕ್ಷರವೇ ಇಲ್ಲ, ಸಾಲಾಗಿ ಖಾಲಿ ಚೌಕಗಳು. ಆಮೇಲೆ ಹೊಳೆಯಿತು — ಅತ್ತೆಗೆ ಕನ್ನಡವೂ ಓದಲು ಬರುವುದಿಲ್ಲ! ನಾನು ಯಾರಿಗಾಗಿ ಟೈಪ್ ಮಾಡಿದೆ?

ಅಕ್ಷರದ ಬದಲು ಚಿತ್ರ ಇಟ್ಟೆ. ಕೊಡ, ಬೀಜದ ಚೀಲ, ಕುಡಗೋಲು. ಕಾಪಿ ಮಾಡುವಾಗ ಕಂಪ್ಯೂಟರ್ ಕೇಳಿತು, ಇದೇ ಹೆಸರಿನ ಫೋಲ್ಡರ್ ಇದೆ, ರಿಪ್ಲೇಸ್ ಮಾಡಲೇ? ಹೂಂ ಅಂದೆ.

ಹಳೆಯ ಫೋಲ್ಡರ್ ಒಳಗೇ ಅತ್ತೆಯ ಹೊಲ ಸೇವ್ ಆಗಿತ್ತು.

ಮನೆಗೆ ಬಂದು ಹೆಮ್ಮೆಯಿಂದ ಅವರ ಕೈಗೆ ಕೊಟ್ಟೆ. ಚಿತ್ರ ಬಂದವು. ಒಳಗೆ ಖಾಲಿ ನೆಲ, ಟೋಪಿಯ ಆಳು, ಬಾವಿ. ಅತ್ತೆ ಎಡಕ್ಕೆ ಹೋದರು, ಬಲಕ್ಕೆ ಹೋದರು. ಬಾವಿ ಸುತ್ತ ಒಂದು ಸುತ್ತು ಹಾಕಿದರು.

"ನನ್ನ ಬೆಳಿ ಎಲ್ಲವ್ವ?"

ಹೇಳಿದೆ. ತಪ್ಪಾಯಿತು ಅಂದೆ. ಅವರು ಬೈಯಲಿಲ್ಲ. ಡಬ್ಬಿಯನ್ನು ದಿಂಬಿನ ಪಕ್ಕ ಇಟ್ಟರು. ಗೋಡೆಯ ಕಡೆ ತಿರುಗಿದರು.

ಜೂನ್ 27, ಗುರುವಾರ

ಏಳುತ್ತಿಲ್ಲ. ರೊಟ್ಟಿ ಅರ್ಧ ತಿಂದು ತಟ್ಟೆ ಸರಿಸುತ್ತಾರೆ. ವಾಕರ್ ಮತ್ತೆ ಮೂಲೆಗೆ. ಯಶೋದಾಬಾಯಿ ಕೇಳಿದರು, "ಏನರ ಅಂದೇನು ಅತ್ತಿಗಿ?" ಏನೆಂದು ಹೇಳಲಿ? ಇಲ್ಲದ ಹೊಲ ಕಳೆದೆ ಅಂತಲೇ? ನಕ್ಕಾರು. ಆದರೆ ಮನೆಯಲ್ಲಿ ಯಾರೋ ತೀರಿಕೊಂಡ ಹಾಗಿದೆ. ಇವರಿಗೆ ಫೋನ್ ಮಾಡಿದೆ. "ಹೊಸಾದ ಮಾಡಿಕೊಡು," ಅಂದರು. ಇವರಿಗೂ ಅರ್ಥವಾಗಿಲ್ಲ. ನನಗಾದರೂ ಆಗಿದೆಯೇ? ಬಾಬಾಸಾಹೇಬರ ಫೋಟೋದ ಕೆಳಗೆ ಸುಮ್ಮನೆ ಕೂತೆ. ಕಂಪ್ಯೂಟರ್ ಕಲಿತವಳು ನಾನು. ಬೇಡ ಅನ್ನುವುದೊಂದು ಬಟನ್ ಒತ್ತಲು ಬರಲಿಲ್ಲ.

ಜೂನ್ 30, ಭಾನುವಾರ

ಬೆಳಗ್ಗೆ ಬಸ್ ಹಿಡಿದು ಹುಮನಾಬಾದಿಗೆ ಹೋದೆ. ಮುಜಾಫರ್ ಭಾಯಿ ಕಾರ್ಡ್ ತಗೊಂಡು, ಅಳಿಸಿದ್ದನ್ನು ಹುಡುಕುವ ಸಾಫ್ಟ್‌ವೇರ್ ಹಚ್ಚಿದರು. ನಾನು ಸ್ಟೂಲಿನ ಮೇಲೆ ಕೂತೆ.

"ಅಳಿಸಿದ ಮ್ಯಾಲ ಕಾರ್ಡಿಗಿ ಮತ್ತ ಏನರ ಹಾಕೀರೇನು?"

"ಹೊಸಾ ವರ್ಷನ್ ಹಾಕೀನಲ್ರಿ ಭಾಯಿ."

ನಾಲಿಗೆ ಲೊಚಗುಟ್ಟಿದರು. ಬಹಳ ಹೊತ್ತಾದ ಮೇಲೆ ವಿಚಿತ್ರ ಹೆಸರುಗಳ ಫೈಲ್‌ಗಳು ಸಿಕ್ಕವು. ಅದರಲ್ಲಿ ಒಂದು ಸೇವ್ ಫೈಲ್ ಇದ್ದ ಹಾಗಿತ್ತು. "ಸಿಗ್ತದಂತ ಗ್ಯಾರಂಟಿ ಕೊಡಂಗಿಲ್ಲ ಬೆಹನ್. ಮನ್ಯಾಗ ಹಚ್ಚಿ ನೋಡ್ರಿ." ನಾನು ಅಲ್ಲೇ ನೋಡಲಿಲ್ಲ. ಭಯ. ಬಸ್ಸಿನಲ್ಲೂ ಡಬ್ಬಿ ಚೀಲದಲ್ಲೇ ಇತ್ತು, ಬಂಗ್ಲಾ ಕ್ರಾಸ್ ದಾಟುವಾಗ ಒಮ್ಮೆ ಕೈ ಹಾಕಿ ಮತ್ತೆ ತೆಗೆದೆ.

ಮನೆಗೆ ಬಂದು ಅತ್ತೆಯ ಎದುರಿಗೇ ಆನ್ ಮಾಡಿದೆ. ಹೊಲ ಬಂತು! ಬೆಳೆ ಇದೆ, ಬೇಲಿ ಇದೆ, ಒಂದು ಮನೆಯೂ ಇದೆ. ಅತ್ತೆ ಕೈಗೆ ತಗೊಂಡರು. ಒಂದು ತುದಿಯಿಂದ ಇನ್ನೊಂದು ತುದಿವರೆಗೆ ನಡೆದರು. ತುಂಬ ನಿಧಾನವಾಗಿ.

"ಇದು ನಂದಲ್ಲ."

ನೋಡಿದೆ. ಹೌದು. ಅವರು ಬೇಲಿ ಹಾಕಿರಲೇ ಇಲ್ಲ. ಮನೆ ಕಟ್ಟಿರಲಿಲ್ಲ. ಈ ಡಬ್ಬಿ ನಮ್ಮ ಕೈಗೆ ಬರುವ ಮೊದಲು ಯಾರೋ ಇದೇ ಗೇಮ್ ಆಡಿದ್ದಾರೆ, ಅವರು ಅಳಿಸಿದ್ದ ಹೊಲ ಸಿಕ್ಕಿದೆ. ನಮ್ಮದು ಹೋಯಿತು, ಗುರುತಿಲ್ಲದವರದು ಬಂತು. ಇದನ್ನು ಏನನ್ನಬೇಕು?

"ಅತ್ತಿ, ದೊಡ್ಡ ಹೊಲ ಅದ. ಬೆಳಿನೂ ಬಂದಾದ. ಇದನ್ನಽ ಮಾಡ್ರಿ. ಯಾರ ಕೇಳ್ತಾರ?"

ಅತ್ತೆ ನನ್ನ ಮುಖ ನೋಡಿದರು. ಸಿಟ್ಟಿರಲಿಲ್ಲ. ಇಷ್ಟು ದಿನದಲ್ಲಿ ಅಷ್ಟು ನೇರವಾಗಿ ನೋಡಿದ್ದು ಇದೇ ಮೊದಲು.

"ಹುಟ್ಟಿದಾಗಿಂದ ಬ್ಯಾರೆವರ ಹೊಲಾನಽ ಮಾಡೀನಿ ವಿಶಾಖಾ. ಇನ್ನ ಮಾಡಂಗಿಲ್ಲ."

ಸೆರಗಿನಿಂದ ಸ್ಕ್ರೀನ್ ಒರೆಸಿ ನನ್ನ ಕೈಗೆ ಕೊಟ್ಟರು.

"ಅಳಸು ಇದನ್ನ. ಬರೇ ನೆಲ ತಗದು ಕೊಡು."

ಅಳಿಸಿದೆ. ಈ ಸಲ ಡಬ್ಬಿ ಎರಡೆರಡು ಬಾರಿ ಕೇಳಿತು, ಅತ್ತೆಯ ಮುಖ ನೋಡಿ ಎರಡು ಸಲವೂ ಹೂಂ ಒತ್ತಿದೆ.

ಜುಲೈ 1, ಸೋಮವಾರ

ಸೆಂಟರಿಗೆ ರಜೆ ಹಾಕಿದೆ. ಹೊಸ ಹೊಲ ಶುರು ಮಾಡಲು ಡಬ್ಬಿ ಹೆಸರು ಕೇಳುತ್ತದೆ. ಹಿಂದಿನ ಸಲ ನಾನು ಏನೂ ಬರೆಯದೆ ಮುಂದೆ ಒತ್ತಿದ್ದೆ.

"ಯಾರ ಹೆಸರಲೆ ಹಚ್ಚಲಿ ಅತ್ತಿ? ನಿಮ್ಮದಽ ಹಾಕ್ತೀನಿ."

ಅತ್ತೆ ದಿಂಬಿಗೆ ಒರಗಿ ಕೂತರು. ಚಹಾ ಕುಡಿದರು. ತಾವಾಗಿಯೇ ಎರಡನೇ ರೊಟ್ಟಿ ಕೇಳಿದರು, ಹೆಸರುಕಾಳಿನ ಪಲ್ಯದ ಜೊತೆ. ತಟ್ಟೆ ಖಾಲಿಯಾದ ಮೇಲೆ ಅಂದರು —

"ನಂದೂ ಹಾಕು, ನಿಂದೂ ಹಾಕು."

"ನಂದ್ಯಾಕ್ರಿ? ಕೆಡಸಿದಾಕಿ ನಾನು."

"ಅದಕ್ಕಽ. ನಿನ್ನ ಹೊಲ ಆದರ ಕೆಡಸಂಗಿಲ್ಲ. ನಾ ಮಲಗಿದಾಗ ನೀರ ಯಾರ ಬಿಡಬೇಕು?"

ನಕ್ಕೆ, ಕಣ್ಣಲ್ಲಿ ನೀರೂ ಬಂತು. ಏನಾಗುತ್ತಿದೆ ಅಂತ ಸರಿಯಾಗಿ ತಿಳಿಯುವ ಮೊದಲೇ ಟೈಪ್ ಮಾಡಲು ಕೂತೆ. ಎಂಟೇ ಅಕ್ಷರ ಹಿಡಿಯುತ್ತದೆ, ಅದೂ ಇಂಗ್ಲಿಷಿನಲ್ಲಿ. ಇಬ್ಬರ ಹೆಸರು ಹೇಗೆ ತುರುಕುವುದು? ಅವರದರಲ್ಲಿ ಅರ್ಧ, ನನ್ನದರಲ್ಲಿ ಅರ್ಧ ಸೇರಿಸಿ ಓದಿ ಹೇಳಿದೆ — ಸುಮವಿಷ್.

"ಯವ್ವಾ! ವಿಷ ಅಂತ ಹೆಸರಿಟ್ಟ ಹೊಲದಾಗ ಏನ ಬೆಳಿಬೇಕು?"

ಅತ್ತೆ ಹೊಟ್ಟೆ ಹಿಡಿದುಕೊಂಡು ನಕ್ಕರು. ಅವರು ನಕ್ಕರೆ ಹೀಗಿರುತ್ತದೆ ಅಂತ ನನಗೆ ಗೊತ್ತೇ ಇರಲಿಲ್ಲ. ನನ್ನದನ್ನು ಮೊದಲು ಹಾಕಿದೆ, ಸರಿ ಬರಲಿಲ್ಲ. ಬರೀ ಮೊದಲಕ್ಷರ ಹಾಕಿದೆ, ಯಾರದೆಂದು ಯಾರಿಗೂ ತಿಳಿಯದು. ಪೂರಾ ಗೊಂದಲ. ಯೋಚಿಸಿ ಬರುತ್ತೇನೆ ಅಂತ ಅಡುಗೆಮನೆಗೆ ಬಂದು ಇದನ್ನು ಬರೆಯುತ್ತಿದ್ದೇನೆ.

ಹೊರಗೆ ವಾಕರಿನ ಸದ್ದು. ನಾನು ತಂದಿಡಲೂ ಇಲ್ಲ, ಮೂಲೆಯಿಂದ ಹೇಗೆ ಎಳೆದುಕೊಂಡರೋ. ಬಾಗಿಲು ದಾಟಿ ಈ ಕಡೆಗೇ ಬರುತ್ತಿದ್ದಾರೆ, ಏನೋ ಹೆಸರು ಹೊಳೆದಿದೆ, ಅಲ್ಲಿಂದಲೇ ಕೂಗಿ ಹೇಳುತ್ತಿದ್ದಾರೆ. ಪೆನ್ನು ಇಟ್ಟು ಏಳುತ್ತೇನೆ, ಟೈಪ್ ಮಾಡಬೇಕು.