ದರೆಗೆ ಸಿಮೆಂಟು ಬಳಿಸಿದ ಸಿದ್ದವೀರಯ್ಯನವರಿಗೆ

ಕುಂಬಾರಗುಡ್ಡ
ಶಾಲಿವಾಹನ ಶಕ ೨೨೯೧, ಹದಿನಾಲ್ಕನೆಯ ತಿಂಗಳು

ಮುತ್ತಜ್ಜನ ಮುತ್ತಜ್ಜನವರಿಗೆ ನಿಮ್ಮ ವಂಶದ ಮಾಳವ್ವ ಬರೆಯುವುದು. ನಿಮ್ಮ ಕಾಲದ ಕನ್ನಡ ನನಗೆ ಅಷ್ಟಾಗಿ ಒಗ್ಗದು. ಮಾತು ವಿಚಿತ್ರವೆನಿಸಿದರೆ ಮನ್ನಿಸಿ. ಕ್ಷಮೆ ಕೇಳುವುದು ಇಷ್ಟಕ್ಕೆ ಮಾತ್ರ. ವರ್ಷಕ್ಕೆ ಹನ್ನೆರಡೇ ತಿಂಗಳಲ್ಲವೇ ಎನ್ನಬೇಡಿ. ಬೇಸಿಗೆಯನ್ನು ಸಣ್ಣ ಸಣ್ಣ ತಿಂಗಳುಗಳಾಗಿ ಒಡೆದುಕೊಂಡಿದ್ದೇವೆ, ಇಲ್ಲದಿದ್ದರೆ ಅದು ಕಳೆಯುವುದೇ ಇಲ್ಲ.

ನಾಳೆ ನನ್ನ ಮೊಮ್ಮಗನ ನಾಮಕರಣ. ಗಂಡು ಮಗುವಿಗೆ ಹಿರಿಯರೊಬ್ಬರ ಹೆಸರಿಡುವುದು ನಮ್ಮ ಮನೆಯ ಪದ್ಧತಿ. ಈ ಸಲದ ಸರದಿ ನಿಮ್ಮದು. ಇಡಬೇಕೋ ಬೇಡವೋ ಎಂದು ಮನೆಗೆ ಹಿರಿಯಳಾದ ನಾನು ಹೇಳಬೇಕು.

ನಾವೀಗ ಮಣ್ಣೊಳಗೆ ಬದುಕುತ್ತೇವೆ. ಕುಳಿಮನೆ ಎಂದರೆ ಗುಡ್ಡದಲ್ಲಿ ಕೊರೆದ ಕೋಣೆ; ಅದರ ಬಾಯಿಗೆ ನಾರು, ಮಣ್ಣು ಸೇರಿಸಿ ನೇಯ್ದ ಕದ. ಹಗಲೆಲ್ಲ ಮುಚ್ಚಿಕೊಂಡು ಮಲಗುತ್ತೇವೆ, ಇಳಿಹೊತ್ತಿಗೆ ತೆರೆದು ರಾಗಿ ಬೀಸುತ್ತಾ ಹರಟುತ್ತೇವೆ. ಈ ಕದವನ್ನು ತಿನ್ನುವ ದುಂಬಿಯೊಂದಿದೆ, ಕದಗೊರಕ. ಆಚೆ ಗುಡ್ಡದಲ್ಲಿ ಅದರ ಕಾಟವಿಲ್ಲ, ಏಕೆಂದರೆ ಅಲ್ಲಿ ಕದಜೇಡಗಳಿವೆ. ಮಣ್ಣಿನಲ್ಲಿ ಬಿಲ ತೋಡಿ, ಒಳಗೆ ರೇಷ್ಮೆ ಹಚ್ಚಿ, ಪಾಚಿ ಮೆತ್ತಿದ ಪುಟ್ಟ ಬಾಗಿಲಿನ ಹಿಂದೆ ಹೊಂಚು ಹಾಕುವ ಜೇಡ. ದುಂಬಿ ಹತ್ತಿರ ಸುಳಿದರೆ ಸಾಕು, ಒಳಗೆಳೆದುಕೊಳ್ಳುತ್ತದೆ. ಅದರ ಮರಿಗಳು ಹುಟ್ಟಿದ ಜಾಗ ಬಿಟ್ಟು ದೂರ ಹೋಗುವುದಿಲ್ಲ. ಒಂದು ಕಡೆ ಅಳಿದರೆ ಅಲ್ಲಿಗೆ ಮತ್ತೆ ತಾವಾಗಿ ಬರುವುದು ಕಷ್ಟ.

ಗುಡ್ಡ ಕಡಿದಲ್ಲಿ ಗೋಡೆಯಂತೆ ನಿಂತ ಮಣ್ಣು, ನಮ್ಮ ದರೆ, ಅದರಲ್ಲೂ ಇದ್ದವು. ಗೃಹಪ್ರವೇಶಕ್ಕೆ ನೆಂಟರು ಬರುತ್ತಾರೆ, ಹಿತ್ತಿಲ ದರೆ ಹೊಲಸಾಗಿ ಕಾಣುತ್ತದೆ ಎಂದು ನೀವು ಉದ್ದಕ್ಕೂ ಸಿಮೆಂಟು ಬಳಿಸಿದಿರಿ. ಜೇಡಗಳು ಓಡಲಿಲ್ಲ. ಅಪಾಯ ಬಂದರೆ ಒಳಗಿನಿಂದ ಬಾಗಿಲನ್ನು ಬಿಗಿಯಾಗಿ ಹಿಡಿದುಕೊಳ್ಳುವುದಷ್ಟೇ ಅವಕ್ಕೆ ಗೊತ್ತು, ಹಿಡಿದುಕೊಂಡೇ ಸತ್ತವು. ನೀವೋ, ಹಸಿ ಸಿಮೆಂಟಿನ ಮೇಲೆ ಬೆರಳಿನಿಂದ ನಿಮ್ಮ ಹೆಸರು ಬರೆದಿರಿ. ಅದು ಇನ್ನೂ ಇದೆ.

ಮೊನ್ನೆ ಕದಗೊರಕ ಕೊರೆದ ತೂತಿನಿಂದ ಬಿಸಿಲು ಒಳಬಿದ್ದು ಕೂಸಿನ ಕೆನ್ನೆ ಬೊಬ್ಬೆ ಎದ್ದಿತು. ಅದರ ಅಳು ಕೇಳಿ, ನಿಮ್ಮ ಹೆಸರು ಇದಕ್ಕೆ ಬೇಡವೇನೋ ಎಂದೆ. ಬೀಗಿತ್ತಿ ಕೆಂಪಾಜಮ್ಮ, "ಹೋಗ್ಲಿ ಬುಡಿ ಮಾಳವ್ವಾರೆ, ಹೆಸ್ರು ಇಡ್ದೆ ಇದ್ರೆ ಸತ್ತೋರು ಹೊಟ್ಟೆ ಉರ್ಕತಾರೆ" ಎಂದರು.

"ಉರ್ಕಳ್ಳಿ. ಕೂಸಿನ ಕೆನ್ನೆ ಉರೀಲಿಲ್ವಾ?" ಎಂದೆ.

ನಾಳೆ ತೊಟ್ಟಿಲಿನ ಮುಂದೆ ಕೂಗುವ ಹೆಸರು ನಿಮ್ಮದಲ್ಲ. ಮುಂದೆಯೂ ಈ ಮನೆಯಲ್ಲಿ ಯಾರೂ ಅದನ್ನು ಇಟ್ಟುಕೊಳ್ಳುವುದಿಲ್ಲ. ಮಣ್ಣು ತೆರೆದು ತೋರಿಸಿದರೆ ಮರಿಜೇಡಗಳನ್ನು ಕೊಡುವುದಾಗಿ ಆಚೆ ಗುಡ್ಡದವರು ಒಪ್ಪಿದ್ದಾರೆ. ತೊಟ್ಟಿಲ ಶಾಸ್ತ್ರ ಮುಗಿದ ಕೂಡಲೇ ಸಿಮೆಂಟು ಒಡೆಯುತ್ತೇವೆ. ಮೊದಲ ಏಟು ನಿಮ್ಮ ಹೆಸರಿನ ಮೇಲೆ, ಹಾರೆ ನನ್ನ ಕೈಯಲ್ಲಿ. ನಿಮ್ಮನ್ನು ಹೆಸರು ಹಿಡಿದು ಕರೆಯುವವರಲ್ಲಿ ನಾನೇ ಕೊನೆಯವಳು, ಸಿದ್ದವೀರಯ್ಯನವರೇ.